ಏಣಿ ಒಂದು, ಬೆಲೆ ಸೊನ್ನೆ

ಇಪ್ಪತ್ತೆರಡು ವರ್ಷ ನನ್ನ ಉದ್ಯೋಗ ಇಷ್ಟೇ:
ಜಾಂಬಿಯದ ತಾಮ್ರಗಣಿಯ ಕಾಲೊನಿಯಲ್ಲಿ
ಬಲ್ಬು ಹೋದ ಮನೆಗೆ ಏಣಿ ಹೊತ್ತು ಹೋಗುವುದು.

ನಗಬೇಡಿ. ಗಣಿ ಆಗ ಸರ್ಕಾರದ್ದು,
ಸರ್ಕಾರ ನಮ್ಮದು ಅಂತ ರೇಡಿಯೋ ಹೇಳುತ್ತಿತ್ತು,
ಆದರೂ ನಮ್ಮ ಬಲ್ಬನ್ನು ನಾವೇ ಬಿಚ್ಚುವ ಹಾಗಿರಲಿಲ್ಲ.
ಮೂರು ಪ್ರತಿ ಚೀಟಿ, ಇಬ್ಬರ ಸಹಿ,
ಕೊನೆಗೆ ನಾನು, ಕಪಂಬ್ವೆ, ಟೋಕನ್ನು ನಂಬರು ೪೧೧೭,
ಒಂಬತ್ತನೇ ಬೀದಿಯಲ್ಲಿ ಏಣಿ ಆನಿಸಿದರೆ
ಮಕ್ಕಳೆಲ್ಲ ಕತ್ತೆತ್ತಿ ನಿಲ್ಲುತ್ತಿದ್ದವು,
ಚಂದ್ರನನ್ನೇ ಬದಲಿಸಲು ಬಂದವನು ಎಂಬಂತೆ.

ಒಮ್ಮೊಮ್ಮೆ ಬಲ್ಬು ಬರಲು ಆರು ವಾರ.
ಅದನ್ನೂ ಹೇಳಬೇಕು.
ಸ್ಟೋರಿನ ಕಟೆಬೆ ನೂರಕ್ಕೆ ಮೂವತ್ತನ್ನು
ರಾತ್ರೋರಾತ್ರಿ ಕಾಂಗೋ ಗಡಿ ದಾಟಿಸುತ್ತಿದ್ದ, ಅದನ್ನೂ.
ಆದರೆ ನ್ಸೋಫ್ವ ಹೆತ್ತಾಗ
ಗಣಿ ಆಸ್ಪತ್ರೆಯ ಬಿಳಿ ಹೊದಿಕೆ, ಡಬ್ಬಿ ಹಾಲುಪುಡಿ;
ಅಪ್ಪ ಹೋದಾಗ ಗಣಿಯ ಬಡಗಿ ಮಾಡಿದ ಪೆಟ್ಟಿಗೆ,
ಹಿತ್ತಾಳೆ ಹಿಡಿಕೆ ನಾಲ್ಕು,
ರಸೀದಿ ಇಲ್ಲ.

ತಾಮ್ರದ ಬೆಲೆ ಲಂಡನ್ನಿನಲ್ಲಿ ಬಿತ್ತು.
ಬಿದ್ದ ಸದ್ದು ನಮಗೆ ಕೇಳಿಸಲಿಲ್ಲ.
ಲಿಫ್ಟುಗಳು ಒಂದೊಂದಾಗಿ ನಿಂತಾಗ
ಆ ಮೌನ ಕೇಳಿಸಿತು.

ಬೆಲೆ ಕಟ್ಟಲು ಬಂದವನ ಹೆಸರು ಟೆಟ್ಲೋ.
ಯಾರ್ಕ್‌ಶೈರಿನವನು. ಬಿಸಿಲಿಗೆ ಮೂಗು ಸುಲಿದಿತ್ತು.
ಅವನಪ್ಪನೂ ಸರ್ಕಾರದ ಕಲ್ಲಿದ್ದಲ ಗಣಿಯಲ್ಲಿ ಇಳಿದವನಂತೆ.
ಜಕರಂಡದ ನೆರಳಲ್ಲಿ ಕೂತು ಒಮ್ಮೆ ಹೇಳಿದ:
'ನಮ್ಮ ಕಡೆ ನೀರನ್ನೂ ಮಾರಿದರು, ಕಪಂಬ್ವೆ.
ನನ್ನಮ್ಮನ ನಲ್ಲಿಗೆ ಈಗ ಒಡೆಯರು
ಕೆನಡಾದ ಯಾರೋ ನಿವೃತ್ತ ಮೇಷ್ಟ್ರುಗಳು.
ಅವರಿಗೂ ಗೊತ್ತಿಲ್ಲ, ಅಮ್ಮನಿಗೂ ಗೊತ್ತಿಲ್ಲ.'
ನಕ್ಕ. ನಾನೂ ನಕ್ಕೆ,
ಯಾಕೆಂದು ಇಬ್ಬರೂ ಕೇಳಿಕೊಳ್ಳಲಿಲ್ಲ.
ಆಮೇಲೆ ಎದ್ದು ಮತ್ತೆ ಬರೆದ:
ಕುಲುಮೆ ಎರಡು. ಕ್ರೇನು ಹನ್ನೊಂದು.
ಹೆರಿಗೆ ವಾರ್ಡು, ಹೊಣೆ ಎಂಬ ಕಲಮಿನಲ್ಲಿ.
ಮರದ ಏಣಿ, ಒಂದು. ಬೆಲೆ, ಸೊನ್ನೆ.

ಸೊನ್ನೆಯಾದ್ದರಿಂದ ಮನೆಗೆ ಹೊತ್ತುಕೊಂಡು ಬಂದೆ.
ಏರಿದವರು ಏಣಿ ಒದೆಯುತ್ತಾರೆ ಅನ್ನುತ್ತಾರೆ;
ಇಲ್ಲಿ ಒದೆಯಲೂ ಯಾರೂ ಬಗ್ಗಲಿಲ್ಲ.

ಬಾಕಿ ಸಂಬಳದ ಬದಲು ಕೈಗೆ ಬಿದ್ದದ್ದು ಮನೆಯ ಕೀಲಿ.
'ಇನ್ನು ನೀವೇ ಒಡೆಯರು' ಅಂದರು,
ಕೈ ಕುಲುಕಿದರು, ಫೋಟೋ ತೆಗೆದರು.
ಒಡೆತನದ ಮೂರನೇ ರಾತ್ರಿ ಬಲ್ಬು ಹೋಯಿತು.
ಕೈ ತಾನಾಗಿ ಜೇಬಿಗೆ ಹೋಯಿತು, ಚೀಟಿ ಹುಡುಕುತ್ತ.
ಕತ್ತಲಲ್ಲಿ ನ್ಸೋಫ್ವ ಕೇಳಿದಳು:
'ಯಾರಿಗೆ ಕಾಯ್ತಿದ್ದೀಯ?'
ಸಾವಿರ ಸಲ ಹತ್ತಿದ ಏಣಿ,
ನನ್ನದೇ ಸೂರಿನ ಕೆಳಗೆ ಮೊದಲ ಸಲ
ಕಾಲು ನಡುಗಿತು.

ಕೊಂಡವರು ಮಾರಿ ಹೋದರು.
ನೀಲಿ ಟೊಪ್ಪಿಯವರು ಬಂದರು, ಹಸಿರು ಟೊಪ್ಪಿಯವರು ಬಂದರು,
ಆಸ್ಪತ್ರೆಯ ಗೇಟಿಗೆ ಮಾತ್ರ ಅದೇ ಬೀಗ.
ಈಗ ಸರ್ಕಾರವೇ ಮತ್ತೆ ಕೊಳ್ಳುತ್ತದಂತೆ,
ಕ್ರಯ ಒಂದು ಡಾಲರು, ಸಾಲ ಬೇರೆ.
ರೇಡಿಯೋ ಮತ್ತೆ 'ನಮ್ಮದು' ಅನ್ನುತ್ತಿದೆ.
ಬ್ಯಾಟರಿ ಮುಗಿಯುತ್ತ ಬಂದದ್ದಕ್ಕೋ ಏನೋ
ದನಿ ಸ್ವಲ್ಪ ಎಳೆಯುತ್ತದೆ.

ಬಲ್ಬಿಗೆ ನಾನೀಗ ಐದು ಕ್ವಾಚಾ ತೆಗೆದುಕೊಳ್ಳುತ್ತೇನೆ.
ಮುದುಕಿ ಮುಬಂಗಳಿಂದ ಇಲ್ಲ;
ಅವಳು ಒಂದು ಹಿಡಿ ಕಡಲೆಕಾಯಿ ಕೊಡುತ್ತಾಳೆ.
ಎರಡು ಮೆಟ್ಟಿಲು ಮುರಿದಿವೆ, ತಂತಿ ಸುತ್ತಿದ್ದೇನೆ,
ಗಣಿಯದೇ ತಾಮ್ರದ ತಂತಿ, ಎಲ್ಲಿಂದ ಎಂದು ಕೇಳಬೇಡಿ.

ನಿನ್ನೆ ಅವಳ ಜಗಲಿಯ ಬಲ್ಬು ತಿರುಗಿಸುತ್ತ
ತುದಿಮೆಟ್ಟಿಲಿಂದ ಕಂಡೆ:
ಗಸಿಯ ಕರಿಗುಡ್ಡದ ಮೇಲೆ ಟಾರ್ಚು ಕಟ್ಟಿಕೊಂಡ ಹುಡುಗರು
ನಾವು ಬಿಸಾಡಿದ ಕಲ್ಲನ್ನು ಗೋಣಿಗೆ ತುಂಬುತ್ತಿದ್ದರು.
ಕೆಳಗಿಂದ ಮುದುಕಿ ಕೂಗಿದಳು:
'ಹತ್ತಿತೇನೋ?'

ಹತ್ತಿಲ್ಲ, ಅಂದೆ. ಕರೆಂಟೇ ಇಲ್ಲ.
ಬಂದಾಗ ಗೊತ್ತಾಗುತ್ತೆ.
ಸ್ವಿಚ್ಚು ಹಾಕಿಯೇ ಇರಲಿ.