ಎರಡು ರುಜು

ಐವತ್ತೊಂದರ ಫೆಬ್ರವರಿ. ಲಂಡನ್ನಿನಾಚೆ, ಕೆಸರು ಬಯಲಲ್ಲಿ,
ಸ್ಟುಡಿಯೋದ ಮೂರನೇ ಶೆಡ್ಡು.
ಯುದ್ಧ ಮುಗಿದು ಆರು ವರ್ಷವಾದರೂ
ಹಲಗೆಗೊಂದು ಲೈಸೆನ್ಸು,
ಮೊಳೆಗೊಂದು ಸಾಲು ನನ್ನ ಲೆಡ್ಜರಿನಲ್ಲಿ.
ನಾನು ಎನಿಡ್ ಪಾರ್ಫಿಟ್. ಲೆಕ್ಕದವಳು.
ಸಂಬಳದ ಶುಕ್ರವಾರವೊಂದು ಬಿಟ್ಟರೆ
ಯಾರೂ ನೋಡದ ಮುಖ.

ಓಡನ್ ಸಿಲ್ವಾಶಿ ಒಬ್ಬನೇ ಇಬ್ಬರು.
ಬೆಳಿಗ್ಗೆ ಅಂಗಿಯ ತೋಳು ಮಡಚಿ, ಹಸಿರು ಪೆನ್ಸಿಲ್ಲಲ್ಲಿ:
‘ನಿರ್ಮಾಪಕರಿಗೆ ಕಲಾನಿರ್ದೇಶಕನ ಅರಿಕೆ.
ಮೆಟ್ಟಿಲಿಗೆ ನಲವತ್ತು ಹಲಗೆ ಬೇಕು. ಓಕ್ ಆದರೆ ಉತ್ತಮ.’
ಮಧ್ಯಾಹ್ನ ಚಹಾ ಕುಡಿದು, ಕೋಟು ತೊಟ್ಟು,
ಅದೇ ಕುರ್ಚಿಯಲ್ಲಿ ಕೂತು, ಕಪ್ಪು ಶಾಯಿಯಲ್ಲಿ:
‘ಕಲಾನಿರ್ದೇಶಕರಿಗೆ ತಲೆ ಕೆಟ್ಟಿದೆ.
ಹನ್ನೆರಡು. ಅದೂ ಪೈನ್.’
ಎರಡನ್ನೂ ಟೈಪು ಮಾಡಿದವಳು ನಾನೇ,
ಎರಡಕ್ಕೂ ರುಜು ಅವನದೇ.
ಜಗಳ ಜೋರಾದ ದಿನ
ಇಬ್ಬರೂ ಊಟ ಬಿಡುತ್ತಿದ್ದರು.

ಹನ್ನೆರಡು ಹಲಗೆಯಲ್ಲಿ ಕಟ್ಟಿದ್ದನ್ನು ನೋಡಬೇಕಿತ್ತು ನೀವು.
ಮೊದಲ ಮೂರು ಮೆಟ್ಟಿಲು ಮರ,
ಆಮೇಲಿನ ಐದು ಚಿಕ್ಕದಾಗುತ್ತ ಚಿಕ್ಕದಾಗುತ್ತ ಪ್ಲೈವುಡ್ಡು,
ಇನ್ನೂ ಮೇಲಿನವು ಬರೀ ಬಣ್ಣ.
ಪ್ಲೈವುಡ್ಡಿನ ತುದಿಯಲ್ಲಿ ಕೆಮ್ಮುತ್ತ ನಿಂತ ಮುದುಕ
ನಮ್ಮ ಕ್ಯಾಂಟೀನಿನವಳ ಏಳು ವರ್ಷದ ಮಗ,
ಗಡ್ಡ ಅಂಟಿಸಿ, ಕೋಲು ಕೊಟ್ಟು, ದೂರ ಕಾಣಲೆಂದು.
ಹಿಮಕ್ಕೆ ಎರಡು ಟನ್ನು ಉಪ್ಪು. ರಸೀದಿ ಇದೆ.
ಗೋಣಿಗೆ ಗಾರೆ ಮೆತ್ತಿದರೆ ಅರಮನೆ.
ಕ್ಯಾಮೆರಾ ನೋಡದ ಮಗ್ಗುಲಿಗೆ ಒಂದು ಪೆನ್ನಿ ಹಾಕುವವನಲ್ಲ:
‘ಚಂದ್ರನ ಬೆನ್ನಿಗೆ ದೇವರೂ ಬಣ್ಣ ಬಳಿದಿಲ್ಲ, ಮಿಸ್ ಪಾರ್ಫಿಟ್.’
(ಎಂಟು ವರ್ಷಕ್ಕೆ ರಷ್ಯದವರು ಅದರ ಫೋಟೋ ತೆಗೆದರು.
ಪೇಪರಿನಲ್ಲಿ ನೋಡಿದೆ. ಬಳಿದಿರಲಿಲ್ಲ.)

ಒಂದು ಖರ್ಚು ಮಾತ್ರ ನನಗೆ ಬಗೆಹರಿಯಲಿಲ್ಲ.
ಹದಿನಾಲ್ಕು ಚಿತ್ರ. ಕಥೆ ಹಡಗಿನದಿರಲಿ, ಮಠದ್ದಿರಲಿ,
ಎಲ್ಲೋ ಒಂದು ಮೂಲೆಗೆ ಅದೇ ಬಾಗಿಲು,
ಯಾರೂ ತೆರೆಯದ್ದು.
ಅದರ ಬೆನ್ನಿಗೆ, ಹೌದು, ಬೆನ್ನಿಗೆ,
ಕೋಟು ತೂಗುವ ಹಿತ್ತಾಳೆಯ ಕೊಕ್ಕೆ,
ಸೊಂಟದೆತ್ತರಕ್ಕೆ ಇನ್ನೊಂದು, ಚಿಕ್ಕದು.
ಹಸಿರು ಪೆನ್ಸಿಲ್ಲು ಕೇಳುತ್ತಿತ್ತು,
ಕಪ್ಪು ಶಾಯಿ ತುಟಿ ಬಿಚ್ಚದೆ ಮಂಜೂರು ಮಾಡುತ್ತಿತ್ತು.

ಬುಡಾಪೆಸ್ಟಿನ ಯಾವುದೋ ಮನೆಯದು ಎಂದ ಬಡಗಿ ಗಾರ್ಸೈಡ್.
ಗಾರ್ಸೈಡ್ ಬಹಳ ಹೇಳುತ್ತಿದ್ದ.
ಒಮ್ಮೆ ನಾನೇ ಕೇಳಿದೆ, ಆಡಿಟಿನ ನೆಪ ಹೂಡಿ.
‘ಸದ್ದಿಗೆ’ ಎಂದ. ‘ಸದ್ದಿಗೆ ಎಂದು ಬರೆದುಕೊಳ್ಳಿ.’
ಬರೆದುಕೊಂಡೆ.

ಆಮೇಲೆ ಮನೆಮನೆಗೂ ಟೆಲಿವಿಷನ್ನು ಬಂತು,
ಹದಿನೈದನೆಯದು ಬಣ್ಣದ್ದು, ಆನೆಗಳದ್ದು,
ಎರಡೇ ವಾರ ಓಡಿ ಮುಗ್ಗರಿಸಿತು.
ಬ್ಯಾಂಕಿನವರು ಕುರ್ಚಿ ಎಣಿಸತೊಡಗಿದ ದಿನ
ಹಸಿರಿನಲ್ಲಿ ಕೊನೆಯ ಕಾಗದ:
‘ನಾನು ಕೆಲಸ ಬಿಡುತ್ತಿದ್ದೇನೆ.’
ಸಂಜೆ, ಕೋಟು ತೊಟ್ಟು, ಕಪ್ಪಿನಲ್ಲಿ:
‘ಒಪ್ಪಿದೆ. ಬಾಕಿ ಸಂಬಳ ಕೊಡಲಾಗದು.
ಇಷ್ಟು ವರ್ಷ ಗದರಿದ್ದಕ್ಕೆ ಕ್ಷಮೆಯಿರಲಿ.’
ಟೈಪು ಮಾಡಲು ಬಿಡಲಿಲ್ಲ ಅದನ್ನು.
ಮಡಚಿ ತನ್ನದೇ ಜೇಬಿಗೆ ಇಳಿಬಿಟ್ಟ.

ಹರಾಜಿನಲ್ಲಿ ಮೆಟ್ಟಿಲು ಕೋಳಿ ಸಾಕುವವನಿಗೆ ಹೋಯಿತು.
ಬಾಗಿಲು ಸೌದೆಯ ರಾಶಿಯಲ್ಲಿತ್ತು: ನಾಲ್ಕು ಶಿಲಿಂಗು.
ವಾಟ್‌ಫರ್ಡಿನ ನನ್ನ ಬಚ್ಚಲಿಗೆ ಹೂಡಿಸಿದ್ದೇನೆ.
ಅಳತೆ ಕೂಡದೆ ಮೇಲೊಂದು ಪಟ್ಟಿ ಕೂರಿಸಬೇಕಾಯಿತು.
ಕೆಳಗಿನ ಕೊಕ್ಕೆ ಸೊಂಟಕ್ಕೆ ತಗಲಿ
ಮೂರು ಲಂಗ ಹರಿದಿದೆ ಈವರೆಗೆ.

ಜೋರಾಗಿ ಹಾಕಿದರೆ ಸದ್ದು ಬರುತ್ತದೆ, ಅವನು ಹೇಳಿದ್ದು ನಿಜ.
ಮೊದಲು ದೊಡ್ಡದು.
ಚಿಕ್ಕದು, ಸ್ವಲ್ಪ ತಡೆದು.