ಹನ್ನೆರಡನೇ ಸಲ

ಅಲ್ಲಾಪುರ ಅಗಸಿಯ ತಿರುವಿನಾಗ
ಹನ್ನೆರಡು ಸಲ ಟಾಂಗಾ ಹೊಡಿಸಿದಳು ಗುಡ್ರುನ್ ಬಾಯಿ.
ನನ್ನ ಲೆಕ್ಕಕ್ಕ ಹನ್ನೊಂದೂ ಛಲೋನ ಇದ್ದವು.

ಬರದಾಕಿನೂ ಅಕಿನ, ತಗದಾಕಿನೂ ಅಕಿನ.
ರಾತ್ರಿ ಲಾಡ್ಜಿನಾಗ ಬರದದ್ದು
ಮುಂಜಾನೆ ಕುದುರಿ ಮುಂದ ನಿಂತು ಕಾಟು ಹಾಕತಿದ್ದಳು.

ಮೊದಲನೇ ಸಿನಿಮಾಕ್ಕ ಅವ್ವನ ಹೊಲಿಗಿ ಮಷೀನು ಮಾರಿದ್ದಳಂತ,
ಎರಡನೇದ್ದು ಯಾರೂ ನೋಡಲಿಲ್ಲಂತ,
ಇದು ಮೂರನೇದ್ದು.
ದುಭಾಷಿ ಹುಡುಗ ನಗುತ್ತ ಹೇಳಿದ; ಅಕಿ ನಗಲಿಲ್ಲ.

ಹನ್ನೆರಡನೇ ಸಲ
ಚಾಂದನಿ ತಾನಾಗೇ ನಿಂತಳು, ನಡುರಸ್ತಾದಾಗ,
ಕಿವಿ ನಿಮಿರಿಸಿ, ಯಾರೋ ಕರದಾಂಗ.
ನಾ ಬಾರಕೋಲ ಎತ್ತಿದೆ.
ಬ್ಯಾಡ ಅಂತ ಕೈ ಮಾಡಿ
ಬರದ ಹಾಳಿ ಮಡಚಿ ಕಿಸೆದಾಗ ಇಟ್ಟಳು.
ರೊಕ್ಕ ಹನ್ನೆರಡೂ ಸಲದ್ದು ಕೊಟ್ಟಳು.

ಎರಡು ವರ್ಷಕ್ಕ ಲೈಪ್‌ಜಿಗ್‌ನಿಂದ ಕಾಗದ:
ಪರದೆ ಮ್ಯಾಲೆ ಚಾಂದನಿ ಪೂರಾ ಅದಾಳಂತ.
ನಂದು ಬರೇ ಕೈ—
ಎತ್ತಿದ್ದು,
ಇನ್ನೂ ಇಳಿದಿಲ್ಲ.