ಚಿಲ್ಲರೆ

ಬಂದರಿನ ಗೋಡೌನಿನಲ್ಲಿ ಬಾಪನ ಕೆಲಸ:
ಮೂಟೆಗೆ ಕೊಳವೆ ಚುಚ್ಚಿ ಕೊಕ್ಕೋ ಬೀಜ ಸುರಿಸುವುದು,
ನೂರು ಎಣಿಸಿ, ಒಂದೊಂದನ್ನೂ ಪೀಶಕತ್ತಿಯಲ್ಲಿ
ಉದ್ದಕ್ಕೆ ಸೀಳಿ ಹಲಗೆಯ ಮೇಲೆ ಸಾಲಿಡುವುದು.
ಕಂದು ಇದ್ದರೆ ಪಾಸು. ನೇರಳೆ ಇದ್ದರೆ
"ಹುಳಿ ಬರುವ ಮೊದಲೇ ಬಿಸಿಲಿಗೆ ಹಾಕಿದ್ದಾರೆ,
ಅವಸರದವರು" ಎಂದು ಬೆಲೆ ಇಳಿಸುವುದು.
ಹಮ್ಮಬ್ಬ ನೋಡಿದರೆ ಮುಗಿಯಿತು, ಎನ್ನುತ್ತಿದ್ದರು ಪೈಗಳು.
ಚಾಕಲೇಟು ಮಾತ್ರ ಬಾಪ ತಿಂದಿರಲಿಲ್ಲ.

ಶಾಲೆಯ ಕಪಾಟಿನ ಬೆನ್ನು ಹರಿದ ಪುಸ್ತಕದಿಂದ
ನಾನು ಓದಿ ಹೇಳುತ್ತಿದ್ದೆ, ಊಟದ ಹೊತ್ತಿಗೆ:
ಮೆಕ್ಸಿಕೋದಲ್ಲಿ ಒಂದು ಕಾಲಕ್ಕೆ ಇದೇ ಬೀಜ ದುಡ್ಡಂತೆ ಬಾಪ,
ಹಣ್ಣಾದ ಟೊಮೆಟೊಗೆ ಒಂದು, ಮೊಲಕ್ಕೆ ನೂರು.
ಅರೆದು, ಮೆಣಸು ಹಾಕಿ, ನೊರೆ ಬರಿಸಿ
ಕುಡಿಯುತ್ತಿದ್ದರಂತೆ, ಸಕ್ಕರೆಯೇ ಇಲ್ಲದೆ.
ಸಕ್ಕರೆ ಹಾಕಿದ್ದು ಹಡಗಿನಲ್ಲಿ ಬಂದವರು,
ಹಾಲು ಹಾಕಿದ್ದು ಅವರಿಗೂ ಎಷ್ಟೋ ಆಮೇಲಿನವರು.
ಖೋಟಾ ಬೀಜವೂ ಇತ್ತಂತೆ! ತಿರುಳು ತೆಗೆದು
ಸಿಪ್ಪೆಯೊಳಗೆ ಮಣ್ಣು ತುಂಬಿ...
ಬಾಪ ಗಂಜಿಯಿಂದ ತಲೆ ಎತ್ತಿದ್ದು ಅಲ್ಲಿಗೆ ಮಾತ್ರ:
"ಕಿವಿ ಹತ್ತಿರ ಅಲ್ಲಾಡಿಸಿದರೆ ಗೊತ್ತಾಗುತ್ತದೆ.
ಮಣ್ಣು ಮಾತಾಡುವುದಿಲ್ಲ."

ಆ ವರ್ಷ ಕೊಳ್ಳುವ ಕಂಪೆನಿ ಕೈ ಎತ್ತಿತು.
ಮೂಟೆಯ ಮೇಲೆ ಮೂಟೆ, ಮಾಡಿನ ಹಂಚಿನವರೆಗೆ,
ಬೂಷ್ಟು ಹಿಡಿದ ಹುಳಿವಾಸನೆ ಬೀದಿಗೆ ಇಳಿಯಿತು.
ಎರಡು ತಿಂಗಳ ಸಂಬಳಕ್ಕೆ ಪೈಗಳು
ಕಣ್ಣು ತಪ್ಪಿಸಿ ಅರ್ಧ ಮೂಟೆ ಬೀಜ ಕೊಟ್ಟರು.

ಹೆಗಲಲ್ಲಿ ತಂದು ನಡುಮನೆಯಲ್ಲಿಟ್ಟು
ಬಾಪ ನನ್ನ ಮುಖ ನೋಡಿದ:
"ಮೊಲಕ್ಕೆ ಎಷ್ಟು ಅಂದೆ?"

ಉಮ್ಮ ಹುರಿದು, ಬೆಲ್ಲದ ಜೊತೆ ಕುಟ್ಟಿ ನೋಡಿದಳು;
ಒನಕೆಗೆ ಅಂಟಿತು, ನಾಲಗೆಗೆ ಒಗ್ಗಲಿಲ್ಲ.
ಕಿರಾಣಿಯವ ನಕ್ಕ. ಗಿರಣಿಯವ ನಗಲೂ ಇಲ್ಲ.
ದಕ್ಕೆಯಿಂದ ಬುಟ್ಟಿ ಹೊತ್ತು ಬರುವ ಗಿರಿಜಕ್ಕ ಮಾತ್ರ
ಹೊಸ್ತಿಲಲ್ಲಿ ಕುಕ್ಕರಿಸಿ, ಹತ್ತು ಬಂಗುಡೆ ಎಣಿಸಿ ಹಾಕಿ,
"ಆ ಬೀಜವೇ ಕೊಡಿ ಬ್ಯಾರಿಗಳೇ" ಎಂದು
ಒಂದು ಹಿಡಿ ಸೆರಗಿನ ತುದಿಗೆ ಗಂಟು ಹಾಕಿಕೊಂಡಳು.
ಬಾಪ ಅಂದು ಊಟದುದ್ದಕ್ಕೂ ಮುಳ್ಳು ಬಿಡಿಸುತ್ತಲೇ ಇದ್ದ.

ಆಮೇಲೆ ಪುತ್ತೂರಿನಲ್ಲಿ ಕಾರ್ಖಾನೆಯಾಯಿತು.
ಅಕ್ಕನ ಗಂಡ ದಮ್ಮಾಮಿನಿಂದ ಡಬ್ಬಿ ತಂದ,
ಬಂಗಾರದ ಕಾಗದದ್ದು. ಬಾಪ ಒಂದನ್ನು ಬಿಚ್ಚಿ
ಪೀಶಕತ್ತಿಯಲ್ಲಿ ಉದ್ದಕ್ಕೆ ಸೀಳಿ, ಬೆಳಕಿಗೆ ಹಿಡಿದು,
ಅರ್ಧ ಬಾಯಿಗಿಟ್ಟು, ಬಹಳ ಹೊತ್ತು ಸುಮ್ಮನಿದ್ದ.
"ಸಕ್ಕರೆ ಜಾಸ್ತಿ. ಒಳಗೆಲ್ಲೋ ನಮ್ಮ ಗೋಡೌನು ಇದೆ."

ಉಳಿದ ಅರ್ಧ ಗಿರಿಜಕ್ಕನಿಗೆ.
ಅವಳು ಕಾಗದ ಸಮೇತ ಮೂಸಿ, ಸೆರಗು ತಡವಿ,
"ಅಯ್ಯೋ, ನಿಮಗೆ ಚಿಲ್ಲರೆ ಕೊಡಲಿಕ್ಕುಂಟಲ್ಲ ನಾನು!"